ಒಂಬತ್ತೂವರೆಯ ಗೇಟು

ಪಿಎಚ್.ಡಿ. ಪ್ರಬಂಧವೊಂದರಲ್ಲಿ ನಾನೂ ಒಂದು ಪಾತ್ರವಾಗಿದ್ದೇನೆ ಎಂದರೆ ನೀವು ನಗುತ್ತೀರಿ. ಪೂರ್ತಿ ಪ್ರಬಂಧದಲ್ಲಲ್ಲ ಬಿಡಿ, ನಾಲ್ಕನೆಯ ಅಧ್ಯಾಯದಲ್ಲಿ ಒಂದೂವರೆ ಪುಟ. ಅಲ್ಲಿ ನನಗೆ ಹೆಸರಿಲ್ಲ; 'ಮನೆಯ ಮಾಲಕಿ', ಅಷ್ಟೆ. ಊರಿಗೂ ಹೆಸರಿಲ್ಲ, 'ಪೂರ್ವ ಬೆಂಗಳೂರಿನ ಒಂದು ಬಡಾವಣೆ'. ಆದರೆ ರಾತ್ರಿ ಒಂಬತ್ತೂವರೆ ಹೊಡೆಯುತ್ತಿದ್ದಂತೆ ಗೇಟಿಗೆ ಬೀಗ ಜಡಿದು, ಬೀಗದ ಕೈಯನ್ನು ದೇವರ ಗೂಡಿನ ಪಕ್ಕದ ಮೊಳೆಗೆ ನೇತುಹಾಕುವ ಮಾಲಕಿ ಯಾರೆಂದು ನಮ್ಮ ರಸ್ತೆಯಲ್ಲಿ ಯಾರನ್ನು ಕೇಳಿದರೂ ಹೇಳುತ್ತಾರೆ. ಕುಂದಲಹಳ್ಳಿ ಗೇಟ್ ಎನ್ನುವುದು ಬಸ್ ಸ್ಟಾಪಿನ ಹೆಸರು. ನಿಜವಾದ ಗೇಟು ನಮ್ಮದು ಎಂದು ನಮ್ಮವರು ತಮಾಷೆ ಮಾಡುತ್ತಾರೆ.

ನಾವು ಇಲ್ಲಿ ಸೈಟು ಕೊಂಡದ್ದು 1994ರಲ್ಲಿ. ಆಗ ಸುತ್ತ ರಾಗಿ ಹೊಲ, ಆಚೆಗೆ ಕೆರೆ. "ಅಷ್ಟು ದೂರ ಯಾರು ಹೋಗಿ ಇರ್ತಾರೆ" ಎಂದು ಅತ್ತೆ ಮೂಗು ಮುರಿದಿದ್ದರು. ಈಗ ನೋಡಿದರೆ ದೇಶದ ಅರ್ಧ ಜನ ಇಲ್ಲೇ ಬಂದು ಇದ್ದಾರೇನೋ ಅನ್ನಿಸುತ್ತದೆ. ಕಂಬಕ್ಕೊಂದು 'ಲೇಡೀಸ್ ಪಿ.ಜಿ.' ಬೋರ್ಡು, ಬೀದಿಗೊಂದು ಟ್ಯಾಂಕರು. 335ಇ ಬಸ್ಸಿನಲ್ಲಿ ನಿಂತುಕೊಂಡೇ ಬರುತ್ತಿದ್ದ ಹುಡುಗಿಯರು 2023ರ ಮಾರ್ಚಿನಲ್ಲಿ ಮೆಟ್ರೋ ಸ್ಟೇಷನ್ ತೆರೆದ ಮೇಲೆ ಅದರಲ್ಲೂ ನಿಂತುಕೊಂಡೇ ಬರುತ್ತಾರೆ. ಮಗ ಓದಲು ಹೊರಗೆ ಹೋದ ಮೇಲೆ ನಾವು ಮೇಲಿನ ಎರಡು ಕೋಣೆಗಳನ್ನು ಕೆಲಸಕ್ಕೆ ಹೋಗುವ ಹೆಣ್ಣುಮಕ್ಕಳಿಗೆ ಬಾಡಿಗೆಗೆ ಕೊಡುತ್ತಾ ಬಂದೆವು. ಅವರಲ್ಲೊಬ್ಬಳು ಅರಸೀಕೆರೆ ಕಡೆಯವಳು. ಸಾಫ್ಟ್‌ವೇರ್ ಟೆಸ್ಟಿಂಗ್ ಕೆಲಸ. ಬೆಳಿಗ್ಗೆ ಎಂಟಕ್ಕೆ ಹೊರಟರೆ ರಾತ್ರಿಯೇ ದರ್ಶನ. ಒಳ್ಳೆಯ ಹುಡುಗಿ. ಊರಿಗೆ ಹೋಗಿಬಂದಾಗಲೆಲ್ಲ ಒಂದು ಚೀಲ ತೆಂಗಿನಕಾಯಿ ತಂದುಕೊಡುತ್ತಾಳೆ.

ಆ ಹುಡುಗಿಯನ್ನು ನೋಡಲು ನಾಲ್ಕು ಭಾನುವಾರ ಒಬ್ಬ ಕನ್ನಡಕದ ಹುಡುಗಿ ಬಂದಿದ್ದಳು. ಸ್ನೇಹಿತೆ ಇರಬೇಕೆಂದು ಕಾಫಿ ಕೊಟ್ಟೆ. ಅವಳು ನನ್ನನ್ನೂ ಮಾತನಾಡಿಸಿದಳು. ನೀರು ಎಷ್ಟು ದಿನಕ್ಕೊಮ್ಮೆ, ಬೀಗ ಯಾಕೆ, ಯಾರಾದರೂ ತಡವಾಗಿ ಬಂದರೆ ಏನು ಮಾಡ್ತೀರಿ ಎಂದೆಲ್ಲ ಕೇಳಿದಳು. ನಾನು ಸಿಕ್ಕಿದ್ದೇ ಅವಕಾಶವೆಂದು ಒಂದು ಗಂಟೆ ಮಾತನಾಡಿದೆ. ಅವಳು ಹೊರದೇಶದ ವಿಶ್ವವಿದ್ಯಾಲಯವೊಂದರಲ್ಲಿ ಸಂಶೋಧನೆ ಮಾಡುತ್ತಿದ್ದಾಳೆ, ಕೆಲಸಕ್ಕಾಗಿ ಬೆಂಗಳೂರಿಗೆ ಬಂದ ಹೆಂಗಸರು ಡೇಟಿಂಗ್ ಆ್ಯಪ್ ಬಳಸುವುದು ಹೇಗೆ ಎಂಬುದು ಅವಳ ವಿಷಯ, ಎನ್ನುವುದೆಲ್ಲ ಆಮೇಲೆ ತಿಳಿಯಿತು. ಫೋನಿನಲ್ಲಿ ಗಂಡುಗಳ ಫೋಟೋ ಒಂದಾದ ಮೇಲೊಂದು ಬರುತ್ತದಂತೆ. ಬೇಡವಾದರೆ ಎಡಕ್ಕೆ ತಳ್ಳುವುದು, ಇಷ್ಟವಾದರೆ ಬಲಕ್ಕೆ. ಅವನೂ ಬಲಕ್ಕೆ ತಳ್ಳಿದ್ದರೆ ಮಾತು ಶುರು. ನಮ್ಮ ಹುಡುಗಿ ಅಂಥದ್ದರಲ್ಲಿ ಇದ್ದಾಳೆಂಬುದು ನನಗೆ ಅಲ್ಲಿಯವರೆಗೂ ಗೊತ್ತಿರಲಿಲ್ಲ. ಗೊತ್ತಾದಾಗ ನನಗೆ ಏನನ್ನಿಸಿತು ಎಂದು ಪ್ರಾಮಾಣಿಕವಾಗಿ ಹೇಳುವುದಾದರೆ, ಮೊದಲು ಕೋಪ ಬಂತು, ಆಮೇಲೆ ಕುತೂಹಲ ಬಂತು. ಕುತೂಹಲ ಇನ್ನೂ ಹೋಗಿಲ್ಲ.

ಎರಡು ವರ್ಷ ಕಳೆದ ಮೇಲೆ ಪ್ರಬಂಧ ಮುಗಿಯಿತು. ಅದರ ಜೊತೆಗೇ ಇನ್ನೊಂದು ಸುದ್ದಿಯೂ ಬಂತು. ಪ್ರಬಂಧವನ್ನು ಯಾರು ಓದುತ್ತಾರೆ, ಪಾಡ್‌ಕಾಸ್ಟ್ ಮಾಡೋಣ ಎಂದು ಯಾರೋ ಮುಂದೆ ಬಂದಿದ್ದಾರಂತೆ. ಅದು ಗೆದ್ದರೆ ಸಣ್ಣದೊಂದು ಸಿನಿಮಾನೂ ಆಗುವುದಂತೆ. ಪಾಡ್‌ಕಾಸ್ಟ್ ಅಂದರೆ ಬೇರೇನಲ್ಲ, ನಮ್ಮ ಕಾಲದ ರೇಡಿಯೋದ ಮೊಮ್ಮಗಳು. ಬೇಕಾದಾಗ ಕೇಳಬಹುದು, ಬೇಡವಾದಾಗ ನಿಲ್ಲಿಸಬಹುದು, ಅಷ್ಟೇ ವ್ಯತ್ಯಾಸ.

ನಮ್ಮ ಊಟದ ಮೇಜಿನ ಮೇಲೆ ಫೋನನ್ನು ಸ್ಟೀಲ್ ಚೊಂಬಿನೊಳಗಿಟ್ಟು (ಸದ್ದು ಜೋರಾಗಿ ಬರುತ್ತದೆ, ನೀವೂ ಮಾಡಿ ನೋಡಿ) ನಾನು, ನಮ್ಮವರು, ಆ ಹುಡುಗಿ ಮೂವರೂ ಕುಳಿತು ಕೇಳಿದೆವು. ಅವಳ ಕಂತು ಇಪ್ಪತ್ತೈದು ನಿಮಿಷದ್ದು. ಇಂಗ್ಲಿಷು. ಹನ್ನೊಂದನೆಯ ನಿಮಿಷಕ್ಕೆ ನಾನು ಬಂದೆ. ಮೊದಲು ಕಬ್ಬಿಣದ ಗೇಟು ಕಿರ್ರನೆ ಅರಚಿತು. ನಂತರ ನಾಯಿ ಬೊಗಳಿತು. ನಮ್ಮ ಮನೆಯಲ್ಲಿ ನಾಯಿಯೇ ಇಲ್ಲ. ಕೊನೆಗೆ ಒಂದು ಹೆಂಗಸಿನ ಕರ್ಕಶ ಧ್ವನಿ, ಹರಕುಮುರುಕು ಇಂಗ್ಲಿಷಿನಲ್ಲಿ, ನಡುನಡುವೆ "ಏನಮ್ಮಾ" ಎಂಬ ಒಗ್ಗರಣೆಯೊಂದಿಗೆ, ಟೈಮ್ ಎಷ್ಟಾಯಿತೆಂದು ಗದರಿಸಿತು. ನಮ್ಮವರು ಚೊಂಬಿನ ಕಡೆಗೊಮ್ಮೆ ನನ್ನ ಕಡೆಗೊಮ್ಮೆ ನೋಡಿದರು. ಸರ್ಕಾರಿ ಹೈಸ್ಕೂಲಿನಲ್ಲಿ ಮೂವತ್ತೊಂದು ವರ್ಷ ಇಂಗ್ಲಿಷ್ ಪಾಠ ಮಾಡಿದವಳು ನಾನು! ಕರ್ಮಣಿ ಪ್ರಯೋಗ ತಪ್ಪಿದರೆ ಬೆಂಚಿನ ಮೇಲೆ ನಿಲ್ಲಿಸಿದವಳು!

ಎರಡು ದಿನ ಮುಖ ಊದಿಸಿಕೊಂಡಿದ್ದೆ. ಮೂರನೆಯ ದಿನ ಆ ಹುಡುಗಿಯೇ ಇಳಿದು ಬಂದು, "ಆಂಟಿ, ನೀವು ಒರಿಜಿನಲ್ ಓದಿ. ಅದರಲ್ಲಿ ಹೀಗಿಲ್ಲ" ಎಂದಳು. ಜೆರಾಕ್ಸ್ ಅಂಗಡಿಯಲ್ಲಿ ಆ ಅಧ್ಯಾಯವನ್ನು ಪ್ರಿಂಟ್ ತೆಗೆಸಿಕೊಂಡು, ನಿಘಂಟು ಪಕ್ಕದಲ್ಲಿಟ್ಟುಕೊಂಡು ಓದಿದೆ. ನಿಘಂಟು ಬೇಕೇ ಬೇಕಾಯಿತು. ಸಂಶೋಧಕರ ಇಂಗ್ಲಿಷು ನಾನು ಕಲಿಸಿದ ಇಂಗ್ಲಿಷಲ್ಲ. ಎಂಟು ಸಾಲಿಗೊಂದು ಪೂರ್ಣವಿರಾಮ.

ಆದರೆ ಆ ಒಂದೂವರೆ ಪುಟ ಓದಿ ನಾನು ಸುಮ್ಮನೆ ಕುಳಿತುಬಿಟ್ಟೆ. ಹುಡುಗಿ ಅಲ್ಲಿ ಎರಡು ಮಾತು ಹೇಳಿದ್ದಳು. ಒಂದು, ತನ್ನ ಪ್ರತಿಯೊಂದು ಭೇಟಿಯ ಸಮಯವನ್ನೂ ಜಾಗವನ್ನೂ ನಮ್ಮ ಗೇಟು ನಿರ್ಧರಿಸುತ್ತದೆ ಎನ್ನುವುದು. ಇಂದಿರಾನಗರದಲ್ಲಿ ಸಿಗೋಣ ಎಂದವನಿಗೆ ಆಗುವುದಿಲ್ಲ ಎನ್ನಬೇಕು, ಬ್ರೂಕ್‌ಫೀಲ್ಡಿನಲ್ಲೇ ಸಿಗಬೇಕು, ಏಳಕ್ಕೇ ಸಿಗಬೇಕು. ಏಳಕ್ಕೆ ಆಫೀಸು ಬಿಡದ ಒಳ್ಳೆಯ ಹುಡುಗನೊಬ್ಬ ಹೀಗೆಯೇ ತಪ್ಪಿಹೋದ ಎಂದು ಅವಳು ಹೇಳಿಕೊಂಡಿದ್ದಳು. ಇದು ನನಗೆ ಚುಚ್ಚಿತು. ಇನ್ನೊಂದು ಮಾತು ಇದು: ಬಂದವನು ಸರಿಯಿಲ್ಲವೆನ್ನಿಸಿದರೆ, ಮಾತು ಎತ್ತಲೋ ಹೋಗುತ್ತಿದೆ ಎನ್ನಿಸಿದರೆ, ಅವಳು ಎಂಟೂವರೆಗೆ ಗಡಿಯಾರ ನೋಡಿ "ಓನರ್ ಆಂಟಿ ಗೇಟ್ ಹಾಕ್ತಾರೆ" ಎನ್ನುತ್ತಾಳೆ. 'ನೀನು ನನಗೆ ಇಷ್ಟವಾಗಲಿಲ್ಲ' ಎಂದರೆ ವಾದಕ್ಕೆ ನಿಲ್ಲುವ ಗಂಡಸು ಓನರ್ ಆಂಟಿಯ ಜೊತೆ ವಾದ ಮಾಡುವುದಿಲ್ಲವಂತೆ. ಆಟೋ ಕೂಡಾ ಅವನೇ ಹಿಡಿದುಕೊಡುತ್ತಾನಂತೆ. ಈ ಎರಡನ್ನೂ ಪಕ್ಕಪಕ್ಕದಲ್ಲಿಟ್ಟು ಆ ಕನ್ನಡಕದ ಹುಡುಗಿ ತನ್ನ ಕ್ಲಿಷ್ಟ ಇಂಗ್ಲಿಷಿನಲ್ಲಿ ಹೇಳಿದ್ದು ಇಷ್ಟು: ಹೋಗದಂತೆ ತಡೆಯುವ ಬೀಗವೂ ಬಿಡಿಸಿಕೊಂಡು ಬರಲು ನೆಪವಾಗುವ ಬೀಗವೂ ಒಂದೇ, ಆ ಹೆಂಗಸು ಎರಡನ್ನೂ ಬಲ್ಲಳು.

ಪಾಡ್‌ಕಾಸ್ಟಿನಲ್ಲಿ ಮೊದಲನೆಯ ಬೀಗ ಮಾತ್ರ ಉಳಿದಿತ್ತು. ಎರಡನೆಯದು ಮಾಯ.

ಯಾಕೆ ಹೀಗಾಗುತ್ತದೆ ಎಂದು ನಾನು ಬಹಳ ಯೋಚಿಸಿದೆ. ಮಾಡಿದವರಿಗೆ ನನ್ನ ಮೇಲೇನೂ ದ್ವೇಷವಿಲ್ಲ, ನನ್ನನ್ನು ಅವರು ನೋಡಿಯೂ ಇಲ್ಲ. ಸಂಶೋಧನೆಗೆ 'ಹೀಗೂ ಹೌದು, ಹಾಗೂ ಹೌದು' ಎಂದು ಹೇಳುವ ಸೌಕರ್ಯವಿದೆ. ಕಥೆ ಹೇಳುವವರಿಗೆ 'ಆಮೇಲೆ ಏನಾಯಿತು' ಎನ್ನುವುದು ಮುಖ್ಯ. ಬೀಗ ಕೆಟ್ಟದ್ದು ಎಂದರೆ ಕಥೆ ಮುಂದಕ್ಕೆ ಓಡುತ್ತದೆ. ಬೀಗ ಕೆಟ್ಟದ್ದೂ ಹೌದು, ಒಳ್ಳೆಯದೂ ಹೌದು ಎಂದರೆ ಅಲ್ಲೇ ನಿಂತು ಯೋಚಿಸಬೇಕಾಗುತ್ತದೆ, ಕಿವಿಗೆ ಹಾಕಿಕೊಂಡು ಮೆಟ್ರೋದಲ್ಲಿ ನಿಂತವರಿಗೆ ಅಷ್ಟು ತಾಳ್ಮೆ ಇರುವುದಿಲ್ಲ ಎಂದು ಅವರೇ ತೀರ್ಮಾನಿಸಿಬಿಡುತ್ತಾರೆ. ಮೆಟ್ರೋದಲ್ಲಿ ನಿಂತವರನ್ನು ಯಾರೂ ಕೇಳಿರುವುದಿಲ್ಲ.

ಹುಡುಗಿಯ ಧ್ವನಿಯದೂ ಒಂದು ಕಥೆಯೇ. ಪ್ರಬಂಧಕ್ಕೆ ಒಪ್ಪಿ ಸಹಿ ಹಾಕುವಾಗ ಅವಳಿಗೆ ಬೇರೆ ಹೆಸರು ಕೊಡುತ್ತೇವೆಂದು ಹೇಳಿದ್ದರು, ಕೊಟ್ಟರು. ಆದರೆ ಧ್ವನಿಗೆ ಬೇರೆ ಹೆಸರು ಕೊಡಲು ಬರುವುದಿಲ್ಲವಲ್ಲ! "ನಾನು ಬರೀ ಹಲೋ ಅಂದ್ರೆ ಸಾಕು ಆಂಟಿ, ನಮ್ಮಕ್ಕ ಕಂಡುಹಿಡೀತಾಳೆ" ಎಂದು ಅವಳು ನಿರಾಕರಿಸಿದಳು. ಹಾಗಾಗಿ ಯಾರೋ ನಟಿ ಅವಳ ಮಾತನ್ನು ಓದಿದಳು. ಚೆನ್ನಾಗಿಯೇ ಓದಿದಳು. ಆದರೆ ಒಂದು ಕಡೆ, 'ಅವನು ಮತ್ತೆ ಮೆಸೇಜು ಮಾಡಲಿಲ್ಲ' ಎನ್ನುವಲ್ಲಿ, ಆ ನಟಿ ಹಗುರವಾಗಿ ನಕ್ಕುಬಿಟ್ಟಳು. ಪ್ರಬಂಧದಲ್ಲಿ ಆ ಜಾಗದಲ್ಲಿ ಆವರಣದೊಳಗೆ 'ಸ್ವಲ್ಪ ಹೊತ್ತು ಮೌನ' ಎಂದು ಬರೆದಿದೆ. ಚೊಂಬಿನ ಮುಂದೆ ಕುಳಿತಿದ್ದ ನಮ್ಮ ಹುಡುಗಿ ಆ ನಗು ಬಂದಾಗ ತಲೆ ತಗ್ಗಿಸಿದ್ದನ್ನು ನಾನು ನೋಡಿದೆ.

ಇದೆಲ್ಲ ನಮ್ಮ ಮನೆಯ ರಾಮಾಯಣ ಎಂದು ಬಿಟ್ಟುಬಿಡಬಹುದಿತ್ತು. ಆದರೆ ಮೇಷ್ಟ್ರ ಹಠ. ಇಂಥ ಸಂಶೋಧನೆಯನ್ನು ಬೇರೆಯವರು ಪರದೆಗೆ, ಕಿವಿಗೆ ಹೇಗೆ ತಂದಿದ್ದಾರೆ ನೋಡಿಯೇ ಬಿಡೋಣವೆಂದು ಮಗನಿಂದ ಪಟ್ಟಿ ಮಾಡಿಸಿ, ಮಳೆಗಾಲದ ಮಧ್ಯಾಹ್ನಗಳಲ್ಲಿ ಕೂತು ನೋಡಿದೆ.

ಈ ವಿಷಯದಲ್ಲಿ ಎಲ್ಲರೂ ಹೇಳುವ ಉದಾಹರಣೆ ಅಮೆರಿಕದ್ದು. ಅಜೀಜ್ ಅನ್ಸಾರಿ ಎಂಬ ಹಾಸ್ಯನಟನೂ ಎರಿಕ್ ಕ್ಲಿನೆನ್‌ಬರ್ಗ್ ಎಂಬ ಸಮಾಜಶಾಸ್ತ್ರದ ಪ್ರೊಫೆಸರೂ ಕೂಡಿ ನ್ಯೂಯಾರ್ಕ್, ಟೋಕಿಯೋ, ಪ್ಯಾರಿಸ್, ಬ್ಯೂನೊಸ್ ಐರಿಸ್, ದೋಹಾ ಎಂದು ಊರೂರು ತಿರುಗಿ, ಜನರನ್ನು ಗುಂಪುಗುಂಪಾಗಿ ಕೂರಿಸಿ ಪ್ರೇಮದ ಬಗ್ಗೆ ಮಾತನಾಡಿಸಿ, 2015ರಲ್ಲಿ 'ಮಾಡರ್ನ್ ರೊಮಾನ್ಸ್' ಎಂಬ ಪುಸ್ತಕ ತಂದರು. ಅನ್ಸಾರಿಯ ತಂದೆತಾಯಿ ನಮ್ಮ ಪಕ್ಕದ ತಮಿಳುನಾಡಿನವರು. ಅವರ ಮದುವೆಯ ಪ್ರಸಂಗವೂ ಪುಸ್ತಕದಲ್ಲಿದೆ. ತಂದೆ ನೋಡಿದ ಮೊದಲ ಹುಡುಗಿ ತುಸು ಹೆಚ್ಚು ಎತ್ತರ, ಎರಡನೆಯವಳು ತುಸು ಕುಳ್ಳು, ಮೂರನೆಯವಳೊಂದಿಗೆ ಅರ್ಧ ಗಂಟೆ ಮಾತು, ಒಂದು ವಾರಕ್ಕೆ ಮದುವೆ! ಫೋಟೋ ನೋಡಿ ಎಡಕ್ಕೆ ಬಲಕ್ಕೆ ತಳ್ಳುವುದು ಮಹಾ ಹೊಸದೇನೂ ಅಲ್ಲ ಎಂದು ನನಗೆ ಓದುವಾಗಲೇ ಅನ್ನಿಸಿತು. ಉಪ್ಪಿಟ್ಟು ಕೇಸರಿಬಾತು ತಿಂದು, 'ಊರಿಗೆ ಹೋಗಿ ಕಾಗದ ಬರೀತೀವಿ' ಎಂದು ಎದ್ದು ಹೋದವರನ್ನು ನಾವೆಷ್ಟು ಜನ ನೋಡಿಲ್ಲ! ಅವರೆಲ್ಲ ನಮ್ಮನ್ನು ಎಡಕ್ಕೆ ತಳ್ಳಿದವರೇ. ಕಾಗದ ಬರೆಯದೇ ಇರುವುದೇ ಅವರ ಉತ್ತರವಾಗಿತ್ತು.

ಆ ಪುಸ್ತಕದ ಹೊತ್ತಿಗೇ ಅನ್ಸಾರಿ 'ಮಾಸ್ಟರ್ ಆಫ್ ನನ್' ಎಂಬ ಧಾರಾವಾಹಿಯನ್ನೂ ಮಾಡಿದ. 2017ರ ಎರಡನೆಯ ಸರಣಿಯಲ್ಲಿ 'ಫಸ್ಟ್ ಡೇಟ್' ಎಂಬ ಒಂದು ಕಂತಿದೆ. ನಾಯಕ ಆ್ಯಪ್‌ನಲ್ಲಿ ಪರಿಚಯವಾದ ಹಲವು ಹುಡುಗಿಯರನ್ನು ಭೇಟಿಯಾಗುತ್ತಾನೆ. ಎಲ್ಲರಿಗೂ ಕಳಿಸಿದ ಮೊದಲ ಸಂದೇಶ ಒಂದೇ, ದಿನಸಿ ಅಂಗಡಿಗೆ ಹೊರಟಿದ್ದೇನೆ, ನಿನಗೇನಾದರೂ ತರಲೇ ಎಂದು. ಒಬ್ಬಳ ಜೊತೆ ಶುರುವಾದ ಮಾತನ್ನು ಇನ್ನೊಬ್ಬಳ ಜೊತೆ ಮುಂದುವರಿಸಿ, ಮತ್ತೊಬ್ಬಳ ಜೊತೆ ಮುಗಿಸುವಂತೆ ಕತ್ತರಿಸಿ ಜೋಡಿಸಿದ್ದಾರೆ. ನನಗೆ ಇದು ಬಹಳ ಹಿಡಿಸಿತು. ಎಷ್ಟೋ ಜನರನ್ನು ಮಾತನಾಡಿಸಿದ ಮೇಲೆ ಸಂಶೋಧಕನಿಗೆ ಕಾಣುವುದು ಇದೇ: ಎಲ್ಲ ಸಂಜೆಗಳೂ ಒಂದೇ ಸಂಜೆಯ ಹಾಗೆ. ಅದನ್ನು ಅಂಕಿ ಅಂಶವಿಲ್ಲದೆ ಬರೀ ಕತ್ತರಿಯಿಂದ ತೋರಿಸಿದ್ದಾರೆ. ಆದರೂ ನನ್ನ ದೂರು ಒಂದಿದೆ. ಹುಡುಗನ ಸಂಜೆಗಳು ಒಂದಕ್ಕೊಂದು ಅಂಟಿಕೊಂಡು ಕಾಣುತ್ತವೆ. ಅವನ ಎದುರು ಕುಳಿತ ಹುಡುಗಿಯರಿಗೂ ಇಂಥವೇ ಹತ್ತು ಸಂಜೆಗಳಿರುತ್ತವೆ ಎನ್ನುವುದು ಮಾತಿನಲ್ಲಿ ಬಂದುಹೋಗುತ್ತದೆ, ಕಣ್ಣಿಗೆ ಕಾಣುವುದಿಲ್ಲ. ಅವರು ಮನೆಗೆ ಹೇಗೆ ಹೋದರು? ಬಾಗಿಲು ಯಾರು ತೆಗೆದರು? ಕ್ಯಾಮೆರಾ ಹುಡುಗನ ಜೊತೆಯಲ್ಲೇ ಮನೆಗೆ ಹೋಗುತ್ತದೆ.

ಇದೇ ಅಮೆರಿಕದಲ್ಲಿ ಸ್ಟ್ಯಾನ್‌ಫರ್ಡ್‌ನ ಮೈಕೆಲ್ ರೋಸೆನ್‌ಫೆಲ್ಡ್ ಎಂಬ ಪ್ರೊಫೆಸರು ಜೋಡಿಗಳು ಮೊದಲು ಎಲ್ಲಿ ಭೇಟಿಯಾದರು ಎಂದು ವರ್ಷಗಟ್ಟಲೆ ಲೆಕ್ಕವಿಟ್ಟವರು. 2017ರಲ್ಲಿ ಭೇಟಿಯಾದ ಗಂಡುಹೆಣ್ಣಿನ ಜೋಡಿಗಳಲ್ಲಿ ನೂರಕ್ಕೆ 39 ಇಂಟರ್‌ನೆಟ್ಟಿನಲ್ಲಿ ಭೇಟಿಯಾದವು ಎಂದು 2019ರಲ್ಲಿ ಅವರೂ ಅವರ ಸಂಗಡಿಗರೂ ಪ್ರಕಟಿಸಿದರು. ಈ 39 ಎಷ್ಟೋ ಕಾರ್ಯಕ್ರಮಗಳ ಮೊದಲ ವಾಕ್ಯವಾಗಿಬಿಟ್ಟಿದೆ. ಆದರೆ ಅದು ಜೋಡಿಯಾದವರ ಲೆಕ್ಕ. ಎಂಟೂವರೆಗೆ ಗಡಿಯಾರ ನೋಡಿ ಎದ್ದು ಬಂದವರು ಆ ಲೆಕ್ಕದಲ್ಲಿಲ್ಲ. ನಮ್ಮ ಮೇಲಿನ ಮನೆಯ ಹುಡುಗಿ ಇಲ್ಲ. ಸಂಶೋಧಕರಿಗೆ ಇದು ಗೊತ್ತಿರುತ್ತದೆ. ಕಾರ್ಯಕ್ರಮ ಮಾಡುವವರು ಮರೆಯುತ್ತಾರೆ.

ಧ್ವನಿಯ ವಿಷಯಕ್ಕೆ ಬಂದರೆ, ಎಸ್ತರ್ ಪೆರೆಲ್ ಎಂಬ ದಾಂಪತ್ಯ ಸಲಹೆಗಾರ್ತಿ 2017ರಿಂದ ನಡೆಸಿದ ಪಾಡ್‌ಕಾಸ್ಟನ್ನೂ ಕೇಳಿದೆ. ನಿಜವಾದ ದಂಪತಿಗಳ ನಿಜವಾದ ಮಾತು, ಹೆಸರು ಮಾತ್ರ ಇಲ್ಲ. ಅಲ್ಲಿ ಮೌನವನ್ನು ಮೌನವಾಗಿಯೇ ಬಿಟ್ಟಿರುತ್ತಾರೆ. ಗಂಟಲು ಕಟ್ಟಿದ್ದು ಕೇಳಿಸುತ್ತದೆ. ಕೇಳುತ್ತಾ ನನಗೆ, ಇವರ ಅಕ್ಕಂದಿರು ಕಂಡುಹಿಡಿಯುವುದಿಲ್ಲವೇ ಎಂದು ಭಯವಾಯಿತು. ಅರಸೀಕೆರೆಯಂಥ ಊರಿನ ಹುಡುಗಿಗೆ ಆ ಧೈರ್ಯ ಬರುವುದು ಕಷ್ಟ, ಬರಬೇಕೆಂದು ನಾನು ಹೇಳುವುದೂ ಇಲ್ಲ.

ನಮ್ಮ ದೇಶದ್ದಾಗಿ ನೋಡಿದ್ದರಲ್ಲಿ ನನ್ನ ಮಾತಿಗೆ ಒಳ್ಳೆಯ ಸಾಕ್ಷಿಯಾಗಿ ಸಿಕ್ಕವು ಎರಡು. ಇವು ಆ್ಯಪ್‌ನವಲ್ಲ, ಮದುವೆಯವು. ವಿಶ್ವವಿದ್ಯಾಲಯದಿಂದ ಬಂದವೂ ಅಲ್ಲ. ಆದರೂ ಹೇಳಬೇಕು, ಏಕೆಂದರೆ ಎರಡಕ್ಕೂ ಸ್ಮೃತಿ ಮುಂಧ್ರಾ ಎಂಬವರ ಕೈಯಿದೆ. 2017ರಲ್ಲಿ ಸರಿತಾ ಖುರಾನಾ ಜೊತೆ ಸೇರಿ ಮಾಡಿದ ಸಾಕ್ಷ್ಯಚಿತ್ರ 'ಎ ಸ್ಯೂಟೆಬಲ್ ಗರ್ಲ್'. 2020ರಲ್ಲಿ ನೆಟ್‌ಫ್ಲಿಕ್ಸಿಗೆ ಮಾಡಿದ 'ಇಂಡಿಯನ್ ಮ್ಯಾಚ್‌ಮೇಕಿಂಗ್'. ಸಾಕ್ಷ್ಯಚಿತ್ರದಲ್ಲಿ ಮೂರು ಹೆಣ್ಣುಮಕ್ಕಳ ಹಿಂದೆ ಕೆಲವು ವರ್ಷ ಕ್ಯಾಮೆರಾ ಹಿಡಿದು ನಡೆದಿದ್ದಾರೆ. ಅವರಲ್ಲೊಬ್ಬಳ ತಾಯಿ ಸೀಮಾ ತಪಾರಿಯಾ. ಆಕೆ ಊರವರಿಗೆಲ್ಲ ಸಂಬಂಧ ಕುದುರಿಸುವವರು, ಸ್ವಂತ ಮಗಳಿಗೆ ಮಾತ್ರ ಕುದುರುತ್ತಿಲ್ಲ. ಮಗಳು ಕೆಲಸದಲ್ಲಿದ್ದಾಳೆ, ಅವಸರವಿಲ್ಲ. ತಾಯಿಗೆ ರಾತ್ರಿ ನಿದ್ದೆಯಿಲ್ಲ. ಆ ತಾಯಿಯನ್ನು ನೋಡುವಾಗ ಸಿಟ್ಟೂ ಬರುತ್ತದೆ, ಮರುಕವೂ ಬರುತ್ತದೆ. ಮೂರು ವರ್ಷದ ನಂತರ ಅದೇ ಸೀಮಾ ತಪಾರಿಯಾ ನೆಟ್‌ಫ್ಲಿಕ್ಸಿನಲ್ಲಿ ದೇಶವಿದೇಶ ವಿಮಾನದಲ್ಲಿ ತಿರುಗುತ್ತಾ ಎಲ್ಲ ಹುಡುಗಿಯರಿಗೂ ಅಡ್ಜಸ್ಟ್ ಮಾಡಿಕೊಳ್ಳಿ, ಕಾಂಪ್ರೊಮೈಸ್ ಮಾಡಿಕೊಳ್ಳಿ ಎಂದು ಉಪದೇಶಿಸುವ ಗೊಂಬೆಯಾಗಿಬಿಟ್ಟರು. ಜಗತ್ತೆಲ್ಲ ಆಕೆಯನ್ನು ನೋಡಿ ನಕ್ಕಿತು. ಹೆಂಗಸು ಅದೇ, ಮಾತೂ ಹೆಚ್ಚು ಕಡಿಮೆ ಅದೇ. ನಿದ್ದೆ ಬಾರದ ರಾತ್ರಿಯನ್ನು ಮಾತ್ರ ತೆಗೆದುಹಾಕಿದ್ದರು. ಕರ್ಕಶ ಧ್ವನಿಯ ಓನರ್ ಆಂಟಿಯಾಗಿ ನಾನು ಅಂದು ಆ ಸೀಮಾ ಅವರ ಪಕ್ಷ ವಹಿಸಿದೆ ಎಂದರೆ ತಪ್ಪು ತಿಳಿಯಬೇಡಿ.

ಬೆಂಗಳೂರಿನಲ್ಲೇ ಇದಕ್ಕೂ ಮುಂಚೆ ಒಂದು ಒಳ್ಳೆಯ ಕೆಲಸ ನಡೆದಿತ್ತು ಎನ್ನುವುದು ನನಗೆ ತಡವಾಗಿ ತಿಳಿಯಿತು. ರಾಷ್ಟ್ರೀಯ ಉನ್ನತ ಅಧ್ಯಯನ ಸಂಸ್ಥೆಯಲ್ಲಿ ಕ್ಯಾರಲ್ ಉಪಾಧ್ಯ ಮತ್ತು ಎ.ಆರ್. ವಾಸವಿ ಅವರು ಐ.ಟಿ. ಕೆಲಸಗಾರರ ಬದುಕಿನ ಬಗ್ಗೆ ನಡೆಸಿದ ಅಧ್ಯಯನ 2006ರಲ್ಲಿ ಮುಗಿಯಿತು. ಅದರ ಜೊತೆಜೊತೆಗೇ ಗೌತಮ್ ಸೋಂಟಿ ಎಂಬ ನಿರ್ದೇಶಕರು ಉಪಾಧ್ಯ ಅವರೊಂದಿಗೆ ಸೇರಿ 'ಕೋಡಿಂಗ್ ಕಲ್ಚರ್' ಎಂಬ ಮೂರು ಸಾಕ್ಷ್ಯಚಿತ್ರಗಳನ್ನು ಮಾಡಿದರು, ಮೂರು ಬಗೆಯ ಕಂಪನಿಗಳ ಒಳಗೆ ಕ್ಯಾಮೆರಾ ಇಟ್ಟು. ಅಲ್ಲಿ ಪ್ರೇಮವೂ ಇಲ್ಲ ಡೇಟಿಂಗೂ ಇಲ್ಲ. ಆಫೀಸು, ಮೀಟಿಂಗು, ತಮಾಷೆಯ ಹೆಸರಿನಲ್ಲಿ ನಡೆಯುವ ಕಂಪನಿ ಆಟಗಳು. ಆದರೆ ನಮ್ಮ ಮೇಲಿನ ಮನೆಗೆ ಬಂದುಹೋದ ಹುಡುಗಿಯರ ಬೆಳಗಿನಿಂದ ರಾತ್ರಿಯವರೆಗಿನ ಬದುಕನ್ನು ನಾನು ಮೊದಲು ಕಂಡದ್ದು ಅಂಥ ಚಿತ್ರದಲ್ಲೇ. ಇಲ್ಲಿ ಸಂಶೋಧನೆ ಮುಗಿದ ಮೇಲೆ ಅದನ್ನು ಹೊರಗಿನವರಿಗೆ ಗುತ್ತಿಗೆ ಕೊಟ್ಟಿಲ್ಲ. ಪ್ರಶ್ನೆ ಕೇಳಿದವರೇ ಕ್ಯಾಮೆರಾದ ಪಕ್ಕದಲ್ಲಿ ನಿಂತಿದ್ದಾರೆ. ಕಥೆಯ ಓಟ ಕಡಿಮೆ. ನಮ್ಮವರು ಅರ್ಧದಲ್ಲಿ ಗೊರಕೆ ಹೊಡೆದರು. ನನಗೆ ಮಾತ್ರ ಖಳನಾಯಕರನ್ನು ಹುಡುಕದೇ ಇರುವ ಅದರ ಗುಣ ಇಷ್ಟವಾಯಿತು.

ಓದುವ ಅಭ್ಯಾಸವಿರುವ ನಮ್ಮಂಥ ಹೆಂಗಸರಿಗೆ ಶಾಸ್ತ್ರವನ್ನು ಕಥೆ ಮಾಡುವುದು ಹೊಸತೇ? ತ್ರಿವೇಣಿಯವರು ಮನಶ್ಶಾಸ್ತ್ರ ಓದಿದವರು. ಬಾಣಂತಿಯ ಮನಸ್ಸು ಕೆಡುವುದು, ಚಿಕಿತ್ಸೆಯಿಂದ ಗುಣವಾಗುವುದು ಎಂಬುದೆಲ್ಲ ವೈದ್ಯರ ಇಂಗ್ಲಿಷ್ ಪುಸ್ತಕಗಳಲ್ಲಿದ್ದ ಕಾಲದಲ್ಲಿ ಅವರು ಅದನ್ನು 'ಶರಪಂಜರ'ದ ಕಾವೇರಿಯಾಗಿ ನಮ್ಮ ಅಡಿಗೆಮನೆಗೆ ತಂದರು. 1971ರಲ್ಲಿ ಪುಟ್ಟಣ್ಣ ಕಣಗಾಲರು ಅದನ್ನು ಸಿನಿಮಾ ಮಾಡಿದಾಗ ತ್ರಿವೇಣಿ ಬದುಕಿರಲಿಲ್ಲ. ನಾನು ಅಮ್ಮನ ಜೊತೆ ಹೋಗಿ ನೋಡಿದ್ದೆ. ಗುಣವಾಗಿ ಮನೆಗೆ ಬಂದ ಕಾವೇರಿಯನ್ನು ಮನೆಯವರು, ನೆರೆಯವರು ಗುಣವಾದವಳೆಂದು ನಂಬುವುದೇ ಇಲ್ಲವಲ್ಲ, ಆ ಭಾಗದಲ್ಲಿ ಅಮ್ಮ ಸೆರಗು ಬಾಯಿಗಿಟ್ಟುಕೊಂಡು ಅತ್ತಿದ್ದು ನೆನಪಿದೆ. ಮನೆಗೆ ಬಂದ ಮೇಲೆ ಅಮ್ಮ ಕಾವೇರಿಯ ಬಗ್ಗೆ ಮಾತನಾಡಲಿಲ್ಲ. ನಮ್ಮ ಬೀದಿಯ ಒಬ್ಬರ ಬಗ್ಗೆ ಮಾತನಾಡಿದರು. ಅವರ ಮನೆಗೆ ನಾವೂ ಅರಿಸಿನ ಕುಂಕುಮಕ್ಕೆ ಹೋಗುವುದನ್ನು ಬಿಟ್ಟಿದ್ದೆವು. ಆಸ್ಪತ್ರೆ ಗುಣಮಾಡುತ್ತದೆ, ಮನೆ ಕೆಡಿಸುತ್ತದೆ ಎಂದರೂ, ಆ ಮನೆಯವರನ್ನು ರಾಕ್ಷಸರನ್ನಾಗಿ ಮಾಡದೆ ನಮ್ಮಂಥವರನ್ನಾಗಿಯೇ ಇಟ್ಟಿದ್ದರಿಂದ ಅಮ್ಮನಿಗೆ ಆ ಬೀದಿ ನೆನಪಾಯಿತು. ಪಾಡ್‌ಕಾಸ್ಟಿನ ಕರ್ಕಶ ಆಂಟಿಯನ್ನು ಕೇಳಿದ ಯಾವ ಮನೆಯ ಮಾಲಕಿಗೂ ತನ್ನ ಗೇಟು ನೆನಪಾಗುವುದಿಲ್ಲ, 'ಸದ್ಯ ನಾನು ಹೀಗಿಲ್ಲ' ಎಂದುಕೊಂಡು ಒಂಬತ್ತೂವರೆಗೆ ಬೀಗ ಹಾಕಿ ಮಲಗುತ್ತಾಳೆ. ನಾನೂ ಒರಿಜಿನಲ್ ಓದದಿದ್ದರೆ ಹಾಗೆಯೇ ಮಲಗುತ್ತಿದ್ದೆ.

ಇನ್ನೊಂದು ಸಂಕಟ ಭಾಷೆಯದು. ನಮ್ಮ ಹುಡುಗಿ ಆ ಕನ್ನಡಕದ ಹುಡುಗಿಗೆ ಹೇಳಿದ್ದೆಲ್ಲ ಕನ್ನಡದಲ್ಲಿ, ಅದೂ ಅರಸೀಕೆರೆ ಕನ್ನಡದಲ್ಲಿ. ಪ್ರಬಂಧದಲ್ಲಿ ಅದು ಇಂಗ್ಲಿಷಾಯಿತು, ಪಾಡ್‌ಕಾಸ್ಟಿನಲ್ಲಿ ಇನ್ನೂ ನುಣುಪಾದ ಇಂಗ್ಲಿಷಾಯಿತು. ಕನ್ನಡ ಉಳಿದದ್ದು ನನ್ನ ಪಾತ್ರದ "ಏನಮ್ಮಾ"ದಲ್ಲಿ ಮಾತ್ರ! ಪ್ರೇಮಿಸುವವಳಿಗೆ ಇಂಗ್ಲಿಷು, ಬೀಗ ಹಾಕುವವಳಿಗೆ ಕನ್ನಡ. ಈ ಬಗ್ಗೆ ನನಗೆ ಬಂದ ಸಿಟ್ಟು ಇನ್ನೂ ಇಳಿದಿಲ್ಲ. ವ್ಯಾಪಾರದವರೇ ವಾಸಿ. ಬೆಂಗಳೂರಿನ ಐಲ್ ಎಂಬ ಕಂಪನಿ 2022ರಲ್ಲಿ ಕನ್ನಡದವರಿಗೆಂದೇ 'ನೀನೆ' ಎಂಬ ಡೇಟಿಂಗ್ ಆ್ಯಪ್ ತಂದಿತು; ಕನ್ನಡದಲ್ಲೂ ಮನಸ್ಸು ಕೊಡುವವರಿದ್ದಾರೆ ಎಂಬ ಲೆಕ್ಕ ಅವರಿಗಾದರೂ ಸಿಕ್ಕಿತು. ಹೆಸರು ಕೇಳಿ ನನಗೆ ಖುಷಿಯಾಯಿತು. ನಮ್ಮ ಕಾಲದಲ್ಲಿ 'ನೀವು' ಎಂದು ಶುರುಮಾಡಿ 'ನೀನು' ಎನ್ನುವುದಕ್ಕೆ ವರ್ಷಗಳು ಹಿಡಿಯುತ್ತಿದ್ದವು, ನನಗಂತೂ ಇನ್ನೂ ಬಂದಿಲ್ಲ.

ಕಳೆದ ತಿಂಗಳು ಸಿನಿಮಾದವರು ಬಂದರು. ಮೂವರು ಹುಡುಗರು, ಒಬ್ಬಳು ಹುಡುಗಿ. ನಿಜವಾದ ಮನೆಯಲ್ಲೇ ಚಿತ್ರೀಕರಿಸಿದರೆ ಸಹಜವಾಗಿರುತ್ತದೆಂದು ಗೇಟು ನೋಡಲು ಬಂದಿದ್ದರು. ನಾನು ಒರಿಜಿನಲ್‌ನ ಒಂದೂವರೆ ಪುಟವನ್ನು ಕೈಯಲ್ಲೇ ಹಿಡಿದುಕೊಂಡು, ಎರಡನೆಯ ಬೀಗದ ವಿಷಯವನ್ನು ಶುದ್ಧ ಇಂಗ್ಲಿಷಿನಲ್ಲಿ ವಿವರಿಸಿದೆ. ಆ ಹುಡುಗಿ ಆಸಕ್ತಿಯಿಂದ ಕೇಳಿದಳು, ಎರಡು ಸಲ ಬರೆದುಕೊಂಡಳು. ಹುಡುಗರು ಅಷ್ಟು ಹೊತ್ತೂ ಗೇಟನ್ನೇ ನೋಡುತ್ತಿದ್ದರು. ನಮ್ಮದು ಹೋದ ವರ್ಷ ಹಾಕಿಸಿದ ತಗಡಿನ ಗೇಟು, ತಿಳಿ ಹಸಿರು ಬಣ್ಣ, ಎಣ್ಣೆ ಬಿಟ್ಟಿರುವುದರಿಂದ ಸದ್ದೂ ಮಾಡುವುದಿಲ್ಲ. ಪರದೆಯ ಮೇಲೆ ಸರಿಹೋಗುವುದಿಲ್ಲ ಎಂದರು. ಮಲ್ಲೇಶ್ವರದ ಕಡೆ ಹಳೆಯ ಸರಳಿನ ಗೇಟು ಇರುವ ಮನೆಯೊಂದನ್ನು ನೋಡಿಟ್ಟಿದ್ದಾರಂತೆ. ಕಾಫಿ ಕುಡಿದು ಹೋದರು. ತಿಳಿಸ್ತೀವಿ ಎಂದಿದ್ದಾರೆ.

ಅವರು ಹೋದ ಸಂಜೆ ನಾನು ಕುಂದಲಹಳ್ಳಿ ಗೇಟಿನ ಹತ್ತಿರದ ಬೀಗ ರಿಪೇರಿಯವನ ಬಳಿ ಹೋಗಿ ನಮ್ಮ ಗೇಟಿಗೆ ಇನ್ನೊಂದು ಬೀಗದ ಕೈ ಮಾಡಿಸಿಕೊಂಡು ಬಂದೆ. ಅವಳಿಗೆ ತಪ್ಪಿಹೋದ ಆ ಏಳು ಗಂಟೆಯ ಹುಡುಗ ಮನಸ್ಸಿನಿಂದ ಹೋಗಿರಲಿಲ್ಲ. ಮೇಲೆ ಹತ್ತಿ ಹೋಗಿ ಅವಳ ಕೈಯಲ್ಲಿಟ್ಟು, "ಇನ್ನು ಮೇಲೆ ನಿನಗೆ ಬೇಕಾದ ಹೊತ್ತಿಗೆ ಬಾಮ್ಮ" ಎಂದೆ. ಅವಳು ಅದನ್ನು ಸ್ವಲ್ಪ ಹೊತ್ತು ನೋಡಿದಳು, ಆಮೇಲೆ ತನ್ನ ಪರ್ಸಿನ ಒಳಗಿನ ಜಿಪ್ಪಿನಲ್ಲಿ ಹಾಕಿಕೊಂಡಳು.

"ಥ್ಯಾಂಕ್ಸ್ ಆಂಟಿ," ಎಂದಳು. "ಆದ್ರೆ ನೀವು ಕೀ ಕೊಟ್ಟಿದ್ದೀರಾ ಅಂತ ಯಾರಿಗೂ ಹೇಳ್ಬೇಡಿ."